ಬಂಡೆಯೊಳಗಿನ ಹಾವಿನ ಬೆನ್ನು ಹತ್ತಿ ಪಶ್ಚಿಮ ಟೆಕ್ಸಾಸ್‌ನಲ್ಲಿ

ಶುಕ್ರವಾರ: ಸ್ಯಾನ್ ಆಂಟೋನಿಯೊದಿಂದ ಲ್ಯಾಂಗ್‌ಟ್ರಿ

ಜೂನ್ ತಿಂಗಳ ಅಮಾವಾಸ್ಯೆ ಹತ್ತಿರ ಬಂದಾಗ ಪಶ್ಚಿಮ ಟೆಕ್ಸಾಸ್‌ನ ಹೆದ್ದಾರಿ 90ರಲ್ಲಿ ರಾತ್ರಿ ಹೊತ್ತು ಒಂದು ವಿಚಿತ್ರ ನೋಟ ಸಿಗುತ್ತದೆ. ಗುಡ್ಡ ಕಡಿದು ರಸ್ತೆ ಮಾಡಿದ ಜಾಗಗಳಲ್ಲಿ ಎರಡೂ ಕಡೆ ಬಂಡೆಯ ಗೋಡೆ ಇರುತ್ತದಲ್ಲ, ಅದರ ಮೇಲೆ ಟಾರ್ಚ್ ಬೆಳಕು ಮೇಲೆ ಕೆಳಗೆ ಹರಿದಾಡುತ್ತಿರುತ್ತದೆ. ಮಿರಮಿರ ಹೊಳೆಯುವ ಜಾಕೆಟ್ ಹಾಕಿಕೊಂಡ ಜನ ಗೋಡೆಗೆ ಮುಖ ಕೊಟ್ಟು ಮೆಲ್ಲಗೆ ನಡೆಯುತ್ತಿರುತ್ತಾರೆ. ಒಂದೊಂದು ಬಿರುಕನ್ನೂ ಇಣುಕಿ ನೋಡುತ್ತಾರೆ. ಇವರೆಲ್ಲ ಹುಡುಕುವುದು ಒಂದು ಹಾವನ್ನು. ಹೆಸರು ಗ್ರೇ ಬ್ಯಾಂಡೆಡ್ ಕಿಂಗ್ ಸ್ನೇಕ್. ವೈಜ್ಞಾನಿಕ ಹೆಸರು ಲ್ಯಾಂಪ್ರೊಪೆಲ್ಟಿಸ್ ಆಲ್ಟರ್ನಾ. ಹುಡುಕುವವರ ಬಾಯಲ್ಲಿ ಬರೀ ‘ಆಲ್ಟರ್ನಾ’.

ಈ ಸಲ ನನ್ನ ಜೊತೆ ಭಾವ ಇದ್ದರು. ಅಕ್ಕನ ಗಂಡ. ತೀರ್ಥಹಳ್ಳಿ ಕಡೆ ಅಡಿಕೆ ತೋಟ. ಅಕ್ಕ ನಮ್ಮ ಮನೆಯಲ್ಲೇ ಮಕ್ಕಳ ಜೊತೆ ಇರ್ತೀನಿ ಅಂದಳು. ಮೂರು ವಾರದಿಂದ ಅಂಗಡಿ, ಮಾಲ್ ಸುತ್ತಿ ಬೇಜಾರಾಗಿದ್ದ ಭಾವ, ಮರುಭೂಮಿ ಅಂದ ಕೂಡಲೇ ಬ್ಯಾಗ್ ಕಟ್ಟಿದರು. ದಾರಿಯಲ್ಲಿ ನಿಜ ಸಂಗತಿ ಹೇಳಿದೆ.

‘ಅಮಾವಾಸ್ಯೆ ರಾತ್ರೀಲಿ ಹಾವು ಹುಡುಕ್ಕೊಂಡು ಹೋಗೋದಾ? ಊರಲ್ಲಿ ಹೇಳಿದ್ರೆ ನಿನ್ನನ್ನ ಯಾವುದಾದ್ರೂ ದೇವಸ್ಥಾನಕ್ಕೆ ಕರ್ಕೊಂಡು ಹೋಗ್ತಾರೆ ಮಾರಾಯ’ ಅಂದರು. ಆದರೆ ಖುಷಿಯಾಗಿದ್ದರು.

ಆಗುಂಬೆ ಕಡೆಯವರಿಗೆ ಕಿಂಗ್ ಅಂದರೆ ಕಾಳಿಂಗವೇ ಮನಸ್ಸಿಗೆ ಬರುವುದು. ಭಾವನ ತೋಟಕ್ಕೂ ಅದು ಬಂದು ಹೋಗಿದೆ. ಇದು ಅದಲ್ಲ. ಕಾಳಿಂಗ ನಾಗರಹಾವಿನ ಬಳಗ, ಭಾರಿ ವಿಷ. ಅಮೆರಿಕದ ಕಿಂಗ್ ಸ್ನೇಕ್‌ಗಳು ನಮ್ಮ ಕೇರೆಹಾವು ಇರುವ ದೊಡ್ಡ ಬಳಗದವು, ಮನುಷ್ಯರಿಗೆ ಏನೂ ಮಾಡುವುದಿಲ್ಲ. ಬೇರೆ ಹಾವನ್ನು ತಿನ್ನುವ ಚಾಳಿ ಮಾತ್ರ ಎರಡಕ್ಕೂ ಇದೆ. ದೊಡ್ಡ ಜಾತಿಯ ಕಿಂಗ್ ಸ್ನೇಕ್‌ಗಳು ರ್‍ಯಾಟಲ್ ಸ್ನೇಕನ್ನೂ ಸುತ್ತಿ ಬಿಗಿದು ನುಂಗುತ್ತವೆ. ಅದರ ವಿಷ ತಡೆಯುವ ಗುಣ ಇವುಗಳ ರಕ್ತದಲ್ಲೇ ಇದೆ. ಆಲ್ಟರ್ನಾ ಮಾತ್ರ ಅಷ್ಟು ದೊಡ್ಡ ಬೇಟೆಗೆ ಹೋಗುವುದಿಲ್ಲ. ಎರಡು ಮೂರು ಅಡಿ ಉದ್ದ, ಸಣಕಲು ಮೈ. ಮುಖ್ಯ ಊಟ ಬಂಡೆಗಳ ಮೇಲೆ ಓಡಾಡುವ ಓತಿಕ್ಯಾತದಂಥ ಹಲ್ಲಿಗಳು. ಸಿಕ್ಕರೆ ಸಣ್ಣ ಇಲಿ, ಕಪ್ಪೆ.

ಡೆಲ್ ರಿಯೊ ದಾಟಿದ ಮೇಲೆ ನೆಲದ ಬಣ್ಣವೇ ಬೇರೆ. ಬಿಳಿಚಿಕೊಂಡ ಸುಣ್ಣಕಲ್ಲು, ಅದರ ಸಂದಿಯಲ್ಲಿ ಕತ್ತಾಳೆ, ಪಾಪಾಸುಕಳ್ಳಿ. ‘ಇದು ನಮ್ಮ ಚಿತ್ರದುರ್ಗದ ಕಡೆಯೂ ಉಂಟಲ್ಲ’ ಅಂದರು ಭಾವ. ಹೌದು. ಆದರೆ ಪಾಪಾಸುಕಳ್ಳಿ ಇಲ್ಲಿಂದ ಅಲ್ಲಿಗೆ ಹೋದದ್ದು, ಅಮೆರಿಕವೇ ಅದರ ತವರು.

ಕಾಮ್‌ಸ್ಟಾಕ್ ಆದ ಮೇಲೆ ಪೆಕೋಸ್ ನದಿಯ ಸೇತುವೆ. ನೀರಿನಿಂದ 273 ಅಡಿ ಎತ್ತರ. 1954ರ ಜೂನ್‌ನಲ್ಲಿ ಒಂದು ಚಂಡಮಾರುತದ ಮಳೆ ಹಳೆ ಸೇತುವೆಯನ್ನು ಕೊಚ್ಚಿಕೊಂಡು ಹೋಯಿತು. ಆಮೇಲೆ 1957ರಲ್ಲಿ ಇಷ್ಟು ಎತ್ತರಕ್ಕೆ ಕಟ್ಟಿದರು. ಕೆಳಗೆ ನೋಡಿದರೆ ನದಿ ಸುಣ್ಣಕಲ್ಲನ್ನು ನೇರ ಕೊರೆದು ಹೋಗಿದೆ. ಪದರ ಪದರ ಬಂಡೆ, ಪದರದ ನಡುವೆ ಬಿರುಕು. ಆಲ್ಟರ್ನಾದ ಮನೆ ಅಂದರೆ ಇದೇ. ಹಗಲಿನ ಬಿಸಿಲು ತಾಗದ, ಚಳಿಗಾಲದ ಕೊರೆತ ಮುಟ್ಟದ ಆಳಕ್ಕೆ ಈ ಬಿರುಕುಗಳು ಇಳಿಯುತ್ತವೆ. ಹಾವಿಗೆ ಹೊರಗೆ ಬರುವ ಅಗತ್ಯವೇ ಕಡಿಮೆ. ಅದರ ಊಟವೂ ರಾತ್ರಿ ಅಲ್ಲೇ ಬಂದು ಮಲಗುತ್ತದೆ.

ಲ್ಯಾಂಗ್‌ಟ್ರಿಯಲ್ಲಿ ಕತ್ತಲಾಗುವವರೆಗೆ ಕಾದೆವು. ಜಾಕೆಟ್ ಹಾಕಿಕೊಂಡು ಇಳಿದೆವು. ಈ ಜಾಕೆಟ್ ಕಾನೂನಿನ ವಿಷಯ. 2007ರಲ್ಲಿ ಟೆಕ್ಸಾಸ್ ರಸ್ತೆಬದಿಯಲ್ಲಿ ಕಾಡುಪ್ರಾಣಿ ಹಿಡಿಯುವುದನ್ನೇ ನಿಲ್ಲಿಸಿತು. ಹಾವು ಹುಡುಕುವವರು ಗಲಾಟೆ ಎಬ್ಬಿಸಿದರು. 2011ರಲ್ಲಿ ಹಾವು, ಹಲ್ಲಿ, ಕಪ್ಪೆಗಳಿಗೆ ಮಾತ್ರ ಸಡಿಲಿಕೆ ಸಿಕ್ಕಿತು. ಬೇಟೆ ಲೈಸೆನ್ಸ್ ಇರಬೇಕು, ಅದರ ಮೇಲೆ 10 ಡಾಲರಿನ ಇನ್ನೊಂದು ಚೀಟಿ ಬೇಕು, ಎದೆಗೂ ಬೆನ್ನಿಗೂ ಹೊಳೆಯುವ ಪಟ್ಟಿ ಬೇಕು, ವಾಹನದಿಂದ ಇಳಿದು ಕಾಲ್ನಡಿಗೆಯಲ್ಲೇ ಹುಡುಕಬೇಕು. ನನ್ನ ಹತ್ತಿರ ಎಲ್ಲ ಇತ್ತು. ಆದರೂ ಹಿಡಿಯುವುದಿಲ್ಲ, ನೋಡುವುದು ಮಾತ್ರ ಅಂತ ಹೊರಡುವಾಗಲೇ ಮಾತಾಗಿತ್ತು. ಭಾವ ಲೈಸೆನ್ಸ್ ಇಲ್ಲದ ಪ್ರೇಕ್ಷಕರು.

ಮೊದಲು ಕಂಡದ್ದು ಟ್ರಾನ್ಸ್ ಪೆಕೋಸ್ ರ್‍ಯಾಟ್ ಸ್ನೇಕ್. ಹಳದಿ ಮೈ, ಬೆನ್ನಿನ ಮೇಲೆ ಏಣಿಯ ಮೆಟ್ಟಿಲಿನ ಥರ ಕಪ್ಪು ಗುರುತು. ಮುಖದಲ್ಲಿ ದೊಡ್ಡ ಉಬ್ಬುಗಣ್ಣು, ಯಾವಾಗಲೂ ಗಾಬರಿಯಾದ ಹಾಗೆ ಕಾಣುತ್ತದೆ. ಆಮೇಲೆ ಡೈಮಂಡ್‌ಬ್ಯಾಕ್ ರ್‍ಯಾಟಲ್ ಸ್ನೇಕ್ ಎರಡು ಕಡೆ. ಅದರ ಬಾಲದ ಸದ್ದು ಮೊದಲ ಸಲ ಕೇಳಿದ ಭಾವ ತಟ್ಟನೆ ನಿಂತುಬಿಟ್ಟರು. ‘ನಮ್ಮ ಕೊಳಕು ಮಂಡಲ ಬುಸುಗುಡ್ತದೆ, ಇದು ಬೆಲ್ ಹೊಡೀತದಲ್ಲ!’

ಆಲ್ಟರ್ನಾ ಕಾಣಲಿಲ್ಲ. ರಾತ್ರಿ ಒಂದಕ್ಕೆ ಮಲಗಿದೆವು.

ಶನಿವಾರ: ಡ್ರೈಡನ್, ಸ್ಯಾಂಡರ್ಸನ್

ಬೆಳಗ್ಗೆ ಲ್ಯಾಂಗ್‌ಟ್ರಿಯಲ್ಲಿ ರಾಯ್ ಬೀನ್ ಅನ್ನುವ ನ್ಯಾಯಾಧೀಶನ ಹಳೇ ಸಲೂನ್ ನೋಡಿದೆವು. ಒಂದೇ ಕಟ್ಟಡದಲ್ಲಿ ಹೆಂಡವನ್ನೂ ಮಾರಿ ತೀರ್ಪನ್ನೂ ಕೊಡುತ್ತಿದ್ದನಂತೆ. ಅರ್ಧ ಗಂಟೆ ಸಾಕು.

ಅಲ್ಲಿಂದ ಪಶ್ಚಿಮಕ್ಕೆ ಡ್ರೈಡನ್. ಊರು ಅನ್ನಲು ಹೆಚ್ಚೇನಿಲ್ಲ. ರೈಲು ಹಳಿ, ಕೆಲವು ಕಟ್ಟಡ. ಹಾವಿನ ಚರಿತ್ರೆಯಲ್ಲಿ ಮಾತ್ರ ಇದಕ್ಕೆ ಜಾಗ ಇದೆ. ಆಲ್ಟರ್ನಾವನ್ನು ವಿಜ್ಞಾನಕ್ಕೆ ಪರಿಚಯಿಸಿದ್ದು 1901ರಲ್ಲಿ, ಫಿಲಡೆಲ್ಫಿಯಾ ಮೃಗಾಲಯದ ಆರ್ಥರ್ ಅರ್ವಿನ್ ಬ್ರೌನ್. ಅವರ ಕೈಗೆ ಸಿಕ್ಕಿದ ಹಾವು ಬೂದು ಮೈಗೆ ಕಿರಿದಾದ ಕಪ್ಪು ಪಟ್ಟಿಗಳಿದ್ದದ್ದು. ಮುಂದಿನ 50 ವರ್ಷದಲ್ಲಿ ಸಿಕ್ಕಿದ್ದು ಬೆರಳೆಣಿಕೆಯಷ್ಟು. ಆಮೇಲೆ 1950ರಲ್ಲಿ ಇದೇ ಡ್ರೈಡನ್ ಹತ್ತಿರ ಸಿಕ್ಕಿದ ಒಂದು ಹಾವನ್ನು ಆಲ್ವಿನ್ ಫ್ಲರಿ ಹೊಸ ಜಾತಿ ಅಂತ ವಿವರಿಸಿದರು. ಅದಕ್ಕೆ ಅಗಲವಾದ ಕೇಸರಿ ಪಟ್ಟಿಗಳು. ಟೆಕ್ಸಾಸ್ ವಿಶ್ವವಿದ್ಯಾಲಯದ ಪ್ರಾಣಿಶಾಸ್ತ್ರಜ್ಞ ಫ್ರಾಂಕ್ ಬ್ಲೇರ್ ಅವರ ಹೆಸರಿಟ್ಟು ‘ಬ್ಲೇರಿ’ ಅಂದರು.

ಎರಡನ್ನೂ ಪಕ್ಕಪಕ್ಕ ಇಟ್ಟರೆ ಯಾರಾದರೂ ಬೇರೆ ಬೇರೆ ಅಂತಲೇ ಹೇಳುತ್ತಾರೆ. ಒಂದರಲ್ಲಿ ಕೇಸರಿ ಇಲ್ಲವೇ ಇಲ್ಲ ಅನ್ನುವಷ್ಟು ಕಡಿಮೆ, ಇನ್ನೊಂದರಲ್ಲಿ ಮೈತುಂಬ. ಗೊಂದಲ ಬಗೆಹರಿಸಿದ್ದು ಮೊಟ್ಟೆಗಳು. ಒಂದೇ ತಾಯಿ ಇಟ್ಟ ಮೊಟ್ಟೆಗಳಿಂದ ಎರಡೂ ಥರದ ಮರಿ ಹೊರಬಂದವು. 1970ರಲ್ಲಿ ಟ್ಯಾನ್ಜರ್ ಅನ್ನುವವರು ಇದನ್ನು ಬರೆದು ಪ್ರಕಟಿಸಿದರು. ಈಗಲೂ ಹುಡುಕುವವರು ಸಿಕ್ಕಿದ ಹಾವನ್ನು ‘ಇದು ಬ್ಲೇರಿ’, ‘ಇದು ಆಲ್ಟರ್ನಾ’ ಅಂತ ಕರೆಯುತ್ತಾರೆ. ಜಾತಿ ಒಂದೇ, ವೇಷ ಎರಡು.

ಸ್ಯಾಂಡರ್ಸನ್ ಸಣ್ಣ ಊರು. 1965ರ ಜೂನ್‌ನಲ್ಲಿ ಹಠಾತ್ತನೆ ನೆರೆ ಬಂದು ಇಲ್ಲಿ ಇಪ್ಪತ್ತಕ್ಕಿಂತ ಹೆಚ್ಚು ಜನ ಸತ್ತರು. ಸುತ್ತ ನೋಡಿದರೆ ಎಲ್ಲೂ ಒಂದು ಹನಿ ನೀರಿಲ್ಲ. ಈ ಒಣ ಹಳ್ಳದಲ್ಲಿ ನೆರೆಯೇ ಅಂತ ಭಾವ ನಂಬಲಿಲ್ಲ. ಸಂಜೆ ಮೆಕ್ಸಿಕೊ ಕಡೆ ಆಕಾಶ ಕಪ್ಪಾಗಿ ಮಿಂಚತೊಡಗಿದಾಗ ಸ್ವಲ್ಪ ನಂಬಿದರು.

ಆ ಮೋಡ ನನಗೆ ಬೇಕಾಗಿತ್ತು. ಚಂದ್ರ ಇರಬಾರದು, ಗಾಳಿ ಜೋರಾಗಿರಬಾರದು, ಮಳೆ ಬರುವ ಹಾಗಿರಬೇಕು ಅನ್ನುವುದು ಹಳೆ ಹುಡುಕಾಟದವರ ಲೆಕ್ಕ. ಎಷ್ಟು ನಿಜವೋ, ಎಷ್ಟು ನಂಬಿಕೆಯೋ, ಎಲ್ಲರೂ ಹಾಗೇ ಮಾಡುತ್ತಾರೆ. ಹತ್ತು ಗಂಟೆ ಹೊತ್ತಿಗೆ ಊರಿನ ಪೂರ್ವಕ್ಕೆ ಒಂದು ಉದ್ದನೆಯ ಕಡಿತದ, ಅಂದರೆ ರಸ್ತೆಗಾಗಿ ಗುಡ್ಡ ಕಡಿದ ಜಾಗದ, ಹತ್ತಿರ ಕಾರು ನಿಲ್ಲಿಸಿದೆವು. ಗಾಳಿ ನಿಂತಿತ್ತು. ಸೆಖೆ. ಬಂಡೆ ಮುಟ್ಟಿದರೆ ಇನ್ನೂ ಬೆಚ್ಚಗಿತ್ತು.

ಭಾವನೇ ಮೊದಲು ನೋಡಿದ್ದು. ‘ಇಲ್ಲಿ ಎಂತದೋ ಇದೆ’ ಅಂತ ಪಿಸುಗುಟ್ಟಿದರು. ನನ್ನ ಎದೆ ಎತ್ತರದಲ್ಲಿ ಒಂದು ಅಡ್ಡ ಬಿರುಕು. ಅದರಿಂದ ಒಂದು ಗೇಣು ಹಾವು ಹೊರಗಿತ್ತು. ಬೂದು ತಲೆ, ಕುತ್ತಿಗೆಗಿಂತ ಅಗಲ. ಬೇರೆ ಕಿಂಗ್ ಸ್ನೇಕ್‌ಗಳಿಗೆ ಸಣ್ಣ ತಲೆ, ಸಣ್ಣ ಕಣ್ಣು. ಇದಕ್ಕೆ ದೊಡ್ಡ ಕಣ್ಣು, ಪಾಪೆಯ ಸುತ್ತ ಬೆಳ್ಳಿಬೂದು ಬಣ್ಣ. ಕತ್ತಲೆಯಲ್ಲಿ ಬದುಕುವುದಕ್ಕೆ ಮಾಡಿಸಿದ ಕಣ್ಣು. ಬೆಳಕನ್ನು ಪಕ್ಕಕ್ಕೆ ತಿರುಗಿಸಿ ಕಾದೆವು. ಮೆಲ್ಲಗೆ ಮೈ ಹೊರಬಂತು. ಬೂದು, ಆಮೇಲೆ ತೆಳು ಬಿಳಿ ಗೆರೆ, ಕಪ್ಪು ಅಂಚು, ನಡುವೆ ಕೇಸರಿ, ಮತ್ತೆ ಕಪ್ಪು, ಬಿಳಿ, ಬೂದು.

‘ಯಾರೋ ಕೂತ್ಕೊಂಡು ಕುಂಕುಮ ಹಚ್ಚಿದ ಹಾಗೆ ಉಂಟು’ ಅಂದರು ಭಾವ.

ಅದು ನಮ್ಮ ಕಡೆ ಗಮನವೇ ಕೊಡಲಿಲ್ಲ. ಗೋಡೆಗೆ ಅಂಟಿಕೊಂಡೇ ಜರುಗಿತು. ಮುಂದಿನ ಬಿರುಕಿನೊಳಗೆ ತಲೆ ತೂರಿಸಿತು, ನಾಲಗೆ ಆಡಿಸಿತು, ವಾಪಸ್ ತೆಗೆಯಿತು. ಇನ್ನೊಂದು ಬಿರುಕು. ಮತ್ತೊಂದು. ಮಲಗಿದ ಹಲ್ಲಿಯ ವಾಸನೆ ಹಿಡಿದು ಹೋಗುವ ರೀತಿ ಇದು. ಹಗಲು ಹೊತ್ತು ಆ ಹಲ್ಲಿಯನ್ನು ಹಿಡಿಯಲು ಯಾವ ಹಾವಿಗೂ ಕಷ್ಟ, ಅಷ್ಟು ಚುರುಕು. ರಾತ್ರಿ ಅದು ತಣ್ಣಗಾಗಿ, ಮಂಕಾಗಿ ಸಂದಿಯಲ್ಲಿ ಬಿದ್ದಿರುತ್ತದೆ. ತಪ್ಪಿಸಿಕೊಳ್ಳಲು ಜಾಗ ಇಲ್ಲ. ಆಲ್ಟರ್ನಾದ ಸಣಕಲು ಮೈಯ ಉಪಯೋಗ ಅಲ್ಲಿ ಗೊತ್ತಾಗುತ್ತದೆ. ದಪ್ಪ ಹಾವು ಈ ಬಿರುಕಿನೊಳಗೆ ಹೋಗಲಾರದು.

ಕಾಲು ಗಂಟೆ ನೋಡಿರಬೇಕು. ಆಮೇಲೆ ಒಂದು ಬಿರುಕು ಹೊಕ್ಕಿತು, ಬಾಲದ ತುದಿ ಒಳಗೆ ಜಾರಿತು, ಮುಗಿಯಿತು. ಹತ್ತಿರ ಹೋಗಿ ಬೆಳಕು ಬಿಟ್ಟೆ. ಬಿರುಕು ಎಷ್ಟು ಆಳವೋ, ಕಾಣಲಿಲ್ಲ.

ವಾಪಸ್ ಬರುವಾಗ ಇನ್ನೊಂದು ಕಂಡಿತು. ಡಾಂಬರಿನ ಮೇಲೆ ಲಾರಿ ಹತ್ತಿ ಚಪ್ಪಟೆಯಾಗಿತ್ತು. ಇನ್ನೂ ಒಣಗಿರಲಿಲ್ಲ. ಬೂದು ಮೈ, ಕಿರಿದಾದ ಕಪ್ಪು ಪಟ್ಟಿ, ಕೇಸರಿ ಇಲ್ಲ. ಬ್ರೌನ್ ನೋಡಿದ ಥರದ್ದು.

ಆ ರಾತ್ರಿ ಮೋಟೆಲಿನಲ್ಲಿ ನಿದ್ದೆ ಬರಲಿಲ್ಲ. ಈ ಹಾವು ಅಪರೂಪ ಅಂತ ಎಷ್ಟೋ ಕಾಲ ಎಲ್ಲರೂ ನಂಬಿದ್ದರು. 1970ರ ದಶಕದಲ್ಲಿ ಟೆಕ್ಸಾಸ್ ಸರ್ಕಾರ ಅದನ್ನು ಕಾಪಾಡಬೇಕಾದ ಪ್ರಾಣಿಗಳ ಪಟ್ಟಿಗೂ ಸೇರಿಸಿತ್ತು. ಆಮೇಲೆ, ಸಾಕಷ್ಟು ಇವೆ ಅಂತ ಗೊತ್ತಾಗಿ ಪಟ್ಟಿಯಿಂದ ತೆಗೆದರು. ಈ ನಡುವೆ ಹಾವು ಹೆಚ್ಚಾಗಲಿಲ್ಲ, ರಸ್ತೆ ಹೆಚ್ಚಾಯಿತು. ಡೈನಮೈಟ್ ಇಟ್ಟು ಗುಡ್ಡ ಸೀಳಿದಾಗ ಅದರ ಮನೆಯ ಗೋಡೆ ಒಡೆದು ಒಳಗಿನದು ಕಂಡಿತು. ರಸ್ತೆಯಿಂದ ಒಂದು ಮೈಲಿ ದೂರದ ಗುಡ್ಡದಲ್ಲಿ ಅದು ಹೇಗೆ ಬದುಕುತ್ತದೆ ಅಂತ ನೋಡಿದವರು ಬಹಳ ಕಡಿಮೆ. ಅಲ್ಲಿ ಹೆಚ್ಚಿನ ಜಾಗ ಖಾಸಗಿ ರ್‍ಯಾಂಚ್, ಬೇಲಿ ದಾಟುವ ಹಾಗಿಲ್ಲ. ಹಾಗಾಗಿ ನಮಗೆ ಪರಿಚಯ ಇರುವುದು ರಸ್ತೆಬದಿಯ ಆಲ್ಟರ್ನಾ. ಅದೂ ಟಾರ್ಚ್ ಬೆಳಕಿನಲ್ಲಿ.

ಭಾನುವಾರ: ಬಿಗ್ ಬೆಂಡ್

ಮ್ಯಾರಥಾನ್ ಅನ್ನುವ ಊರು ದಾಟಿ ದಕ್ಷಿಣಕ್ಕೆ ತಿರುಗಿದೆವು. ಬಿಗ್ ಬೆಂಡ್ ರಾಷ್ಟ್ರೀಯ ಉದ್ಯಾನದಲ್ಲಿ ಹಾವು ಹಿಡಿಯುವುದು, ಮುಟ್ಟುವುದು ಎಲ್ಲ ನಿಷೇಧ. ನಮಗೇನೂ ವ್ಯತ್ಯಾಸವಾಗಲಿಲ್ಲ. ಹಗಲು ಓಡಾಡಿ ಹಾವಿನ ಊಟ ನೋಡೋಣ ಅಂದುಕೊಂಡಿದ್ದೆ.

ಊಟ ಬೇಕಾದಷ್ಟಿತ್ತು. ಬಿಸಿ ಬಂಡೆಯ ಮೇಲೆ ಸಣ್ಣ ಬೂದು ಹಲ್ಲಿಗಳು, ಒಂದೊಂದು ಬಂಡೆಗೆ ಒಂದೊಂದು ಯಜಮಾನ. ಕ್ಯಾನ್ಯನ್ ಲಿಜಾರ್ಡ್ ಅನ್ನುತ್ತಾರೆ. ಇನ್ನೊಂದು ಜಾತಿ ದಪ್ಪಗೆ, ಮುಳ್ಳು ಮುಳ್ಳಾಗಿ, ಕುತ್ತಿಗೆಗೆ ಕಪ್ಪು ಪಟ್ಟಿ. ಹತ್ತಿರ ಹೋದರೆ ಬಿರುಕಿಗೆ ನುಗ್ಗಿ ಮೈ ಉಬ್ಬಿಸಿ ಸಿಕ್ಕಿಕೊಂಡುಬಿಡುತ್ತದೆ, ಎಳೆದರೂ ಬರುವುದಿಲ್ಲ.

ಚಿಸೋಸ್ ಬೆಟ್ಟದ ಒಂದು ಹಾದಿಯಲ್ಲಿ ಎದುರಿಗೆ ಬರುತ್ತಿದ್ದವರು ಕೈ ತೋರಿಸಿ ನಿಲ್ಲಿಸಿದರು. ಕಲ್ಲುಗಳ ನಡುವೆ ಒಂದು ರಾಕ್ ರ್‍ಯಾಟಲ್ ಸ್ನೇಕ್. ಸಣ್ಣದು, ಎರಡಡಿಯೂ ಇರಲಿಲ್ಲ. ಬೂದು ಮೈ, ಅಲ್ಲಲ್ಲಿ ಕಪ್ಪು ಪಟ್ಟಿ.

‘ಇದು ನಿನ್ನೆ ರಸ್ತೇಲಿ ಸತ್ತು ಬಿದ್ದಿತ್ತಲ್ಲ, ಅದರ ಥರವೇ ಉಂಟಲ್ಲ’ ಅಂದರು ಭಾವ.

ನಾನು ಹೇಳಬೇಕು ಅಂದುಕೊಂಡಿದ್ದನ್ನು ಅವರೇ ಹೇಳಿಬಿಟ್ಟರು. ಎರಡೂ ಇರುವುದು ಅದೇ ಬಂಡೆಗಳಲ್ಲಿ. ವಿಷವಿಲ್ಲದ ಆಲ್ಟರ್ನಾ ಈ ವಿಷದ ಹಾವಿನ ವೇಷ ಹಾಕಿ ಗೂಬೆ, ನರಿಗಳಿಂದ ಪಾರಾಗುತ್ತದೆ ಅನ್ನುವುದು ಕೆಲವು ವಿಜ್ಞಾನಿಗಳ ಊಹೆ. ಕೇಸರಿ ಪಟ್ಟಿಯ ಬ್ಲೇರಿ ಇಲ್ಲಿನ ಕಾಪರ್‌ಹೆಡ್ ಅನ್ನುವ ಇನ್ನೊಂದು ವಿಷದ ಹಾವನ್ನು ಹೋಲುತ್ತದೆ ಅಂತಲೂ ಹೇಳುತ್ತಾರೆ. ಊಹೆ ಚೆನ್ನಾಗಿದೆ. ನನಗೆ ಮೊದಲ ಅರ್ಧ ಸರಿ ಅನ್ನಿಸುತ್ತದೆ, ಎರಡನೆಯದು ಸ್ವಲ್ಪ ಎಳೆದು ತಂದ ಹಾಗೆ. ಭಾವನಿಗೆ ಇದರಲ್ಲಿ ಆಶ್ಚರ್ಯವೇನೂ ಕಾಣಲಿಲ್ಲ. ಮನೆಯೊಳಗೆ ಬರುವ ತೋಳಹಾವನ್ನು ಕಟ್ಟುಹಾವು ಅಂದುಕೊಂಡು ಜನ ಹೊಡೆದು ಸಾಯಿಸುವುದನ್ನು ಅವರು ಎಷ್ಟೋ ಸಲ ನೋಡಿದ್ದಾರೆ. ‘ವೇಷ ಹಾಕಿದ್ರೆ ನರಿ ಬಿಡ್ತದೆ, ಮನುಷ್ಯ ಬಿಡಲ್ಲ’ ಅಂದರು.

ಸೋಮವಾರ: ರಿವರ್ ರೋಡ್

ಲಹೀಟಸ್‌ನಿಂದ ಪ್ರೆಸಿಡಿಯೊವರೆಗೆ ರಿಯೊ ಗ್ರಾಂಡೆ ನದಿಯ ಪಕ್ಕದಲ್ಲೇ ಹೋಗುವ ರಸ್ತೆ 170. ಆಚೆ ದಡ ಮೆಕ್ಸಿಕೊ. ಹಾವೂ ಅಲ್ಲಿ ಮುಂದುವರಿಯುತ್ತದೆ, ಕೊಹ್ವಿಲಾ, ಡುರಾಂಗೊ ರಾಜ್ಯಗಳವರೆಗೆ. ಉತ್ತರಕ್ಕೆ ನ್ಯೂ ಮೆಕ್ಸಿಕೊದ ದಕ್ಷಿಣ ಮೂಲೆಯಲ್ಲಿ ಸ್ವಲ್ಪ ಇದೆ. ಅಲ್ಲಿನ ರಾಜ್ಯ ಸರ್ಕಾರ ಅದನ್ನು ಅಳಿವಿನಂಚಿನ ಪಟ್ಟಿಯಲ್ಲಿ ಇಟ್ಟಿದೆ.

ದೃಶ್ಯಕ್ಕೆ ಈ ರಸ್ತೆ ಎಲ್ಲದಕ್ಕಿಂತ ಚಂದ. ಹಾವಿಗೆ ಆ ದಿನ ಏನೂ ಅಲ್ಲ. 40 ಡಿಗ್ರಿ ದಾಟಿದ ಬಿಸಿಲು, ರಾತ್ರಿಯೂ ಒಣ ಗಾಳಿ. ಒಂದು ಹೊತ್ತಿನಲ್ಲಿ ಗಡಿ ಕಾವಲಿನವರ ಗಾಡಿ ಬಂದು ನಿಂತಿತು. ಇಬ್ಬರು ಕಂದು ಮೈಯವರು ಮಧ್ಯರಾತ್ರಿ ಬಂಡೆ ನೋಡುತ್ತ ನಿಂತಿದ್ದರೆ ಯಾರಾದರೂ ಕೇಳುತ್ತಾರೆ. ಕಾಗದಪತ್ರ ತೋರಿಸಿದೆವು. ‘ಹಾವಾ? ಏನಾದರೂ ಸಿಕ್ಕಿತಾ?’ ಅಂತ ಕೇಳಿ ಹೋದರು. ಅವರಿಗೆ ಇದು ಮಾಮೂಲಿ.

ಅಲ್ಲೇ ಇನ್ನೊಂದು ತಂಡ ಸಿಕ್ಕಿತು. ತುಂಬ ವರ್ಷದಿಂದ ಬರುವವರು. ಅವರ ಮಾತೆಲ್ಲ ಊರುಗಳ ಮೇಲೆ. ಲ್ಯಾಂಗ್‌ಟ್ರಿಯದು ಹೀಗೆ, ಜೂನೊ ರಸ್ತೆಯದು ಹಾಗೆ, ಇಂಥ ಮೈಲಿಕಲ್ಲಿನ ಹತ್ತಿರದ ಕಡಿತದ್ದು ಇನ್ನೂ ಬೇರೆ. ಹಾವು ಸಾಕುವವರ ಲೋಕದಲ್ಲಿ ಆಲ್ಟರ್ನಾಕ್ಕೆ ಊರಿನ ಹೆಸರು ಅಂಟಿಕೊಂಡೇ ಇರುತ್ತದೆ. ಯಾವ ಕಡಿತದಿಂದ ಬಂದ ತಂದೆತಾಯಿ ಅನ್ನುವುದರ ಮೇಲೆ ಮರಿಯ ಬೆಲೆ. ಈಗ ಮಾರಾಟಕ್ಕೆ ಬರುವವು ಹೆಚ್ಚಿನವು ಸಾಕಿ ಹುಟ್ಟಿಸಿದವೇ. ಆದರೂ ‘ಹೊಸ ರಕ್ತ’ ಬೇಕು ಅಂತ ಕಾಡಿನಿಂದ ಹಿಡಿಯುವುದು ನಿಂತಿಲ್ಲ. ನನಗೆ ಈ ಹುಚ್ಚು ಅಷ್ಟು ಹಿಡಿಸುವುದಿಲ್ಲ. ಆದರೆ ಒಂದು ಮಾತು ಒಪ್ಪಬೇಕು. ಈ ಹಾವಿನ ಬದುಕಿನ ಬಗ್ಗೆ ನಮಗೆ ಗೊತ್ತಿರುವುದರಲ್ಲಿ ತುಂಬ ಭಾಗ ಬಂದದ್ದು ಇವರಿಂದಲೇ.

ಮೊಟ್ಟೆಯ ವಿಷಯವೂ ಹಾಗೇ. ಬೇಸಿಗೆಯಲ್ಲಿ ಹೆಣ್ಣು ಹತ್ತರ ಒಳಗೆ, ಕೆಲವೊಮ್ಮೆ ಸ್ವಲ್ಪ ಜಾಸ್ತಿ, ಮೊಟ್ಟೆ ಇಡುತ್ತದೆ. ಸುಮಾರು ಒಂಬತ್ತು ವಾರಕ್ಕೆ ಮರಿ. ಆ ಮರಿಗಳಿಗೆ ಇಲಿಮರಿ ಕೊಟ್ಟರೆ ಮೂಸಿಯೂ ನೋಡುವುದಿಲ್ಲ. ಸಾಕುವವರು ಇಲಿಮರಿಯನ್ನು ಹಲ್ಲಿಯ ಮೈಗೆ ಉಜ್ಜಿ ವಾಸನೆ ಹಿಡಿಸಿ ಕೊಡುತ್ತಾರೆ. ಆಗ ನುಂಗುತ್ತವೆ. ಅದನ್ನು ಹೇಳಿದವರು ಹಾವಿಗಿಂತ ಹೆಚ್ಚು ಹಲ್ಲಿ ಸಾಕುತ್ತಿದ್ದರು, ಬರೀ ವಾಸನೆಗೋಸ್ಕರ.

ಮಂಗಳವಾರ: ಡೇವಿಸ್ ಬೆಟ್ಟ

ಆಲ್ಪೈನ್ ಮೇಲೆ ಫೋರ್ಟ್ ಡೇವಿಸ್‌ಗೆ ಏರಿದೆವು. ಸುಮಾರು 1,500 ಮೀಟರ್ ಎತ್ತರ. ಗಾಳಿ ತಂಪು, ಹುಲ್ಲು, ಓಕ್ ಮರ. ಭಾವನ ಮುಖ ಅರಳಿತು. ಇಲ್ಲಿನ ಬಂಡೆ ಸುಣ್ಣಕಲ್ಲಲ್ಲ, ಸುಮಾರು 350 ಲಕ್ಷ ವರ್ಷ ಹಿಂದೆ ಜ್ವಾಲಾಮುಖಿಗಳು ಉಗುಳಿದ್ದು. ಬಣ್ಣ ಕಂದುಗೆಂಪು. ಬ್ರೌನ್ 1901ರಲ್ಲಿ ವಿವರಿಸಿದ ಹಾವು ಸಿಕ್ಕಿದ್ದು ಈ ಬೆಟ್ಟಗಳಲ್ಲಿ. ಆಗ ಇಲ್ಲಿ ಕಡಿತಗಳೂ ಇಲ್ಲ, ಟಾರ್ಚಿನ ಸಾಲೂ ಇಲ್ಲ. ಯಾರೋ ಒಬ್ಬರ ಕಾಲಡಿ ಬಂತು, ಅವರು ಅದನ್ನು ಕಳಿಸಿಕೊಟ್ಟರು. ಹಾಗೆ ಬರದೇ ಇದ್ದಿದ್ದರೆ ಇನ್ನೂ ಎಷ್ಟು ವರ್ಷ ಈ ಹಾವು ಯಾರಿಗೂ ಗೊತ್ತಾಗದೆ ಇರುತ್ತಿತ್ತೋ!

ರಾತ್ರಿ ಬೆಟ್ಟ ಸುತ್ತುವ ರಸ್ತೆ ಹಿಡಿದೆವು. ಮೆಕ್‌ಡೊನಾಲ್ಡ್ ವೀಕ್ಷಣಾಲಯ ಇರುವುದರಿಂದ ಸುತ್ತಮುತ್ತ ಹೊರಗಿನ ದೀಪಗಳಿಗೆ ಕಟ್ಟುನಿಟ್ಟು. ಅಷ್ಟು ಕತ್ತಲೆ ನಮ್ಮ ಕಡೆಯೂ ಈಗ ಸಿಗುವುದಿಲ್ಲ. ಹತ್ತೂವರೆಗೆ ಮಳೆ ಬಂತು. ಮಲೆನಾಡಿನವರ ಮಳೆಯಲ್ಲ, ಆದರೂ ಮಳೆ. ಭಾವ ಕಾರಿನಿಂದಿಳಿದು ನೆಂದರು. ಹದಿನೈದು ನಿಮಿಷದಲ್ಲಿ ರಸ್ತೆ ತುಂಬ ಕಪ್ಪೆ. ವರ್ಷದ ಬಹುಪಾಲು ಮಣ್ಣಿನೊಳಗೆ ಹುದುಗಿದ್ದು ಮಳೆಗೆ ಮಾತ್ರ ಏಳುವ ಸ್ಪೇಡ್‌ಫುಟ್ ಕಪ್ಪೆಗಳು. ಒಂದನ್ನೂ ತುಳಿಯದ ಹಾಗೆ ಕಾರು ಓಡಿಸಲು ಭಾವ ಮುಂದೆ ನಡೆದು ದಾರಿ ಮಾಡಬೇಕಾಯಿತು.

ಆಲ್ಟರ್ನಾ ಇಲ್ಲಿ ಕಾಣಲಿಲ್ಲ.

ಬುಧವಾರ: ವಾಪಸ್

ದಿನವಿಡೀ ಹೆದ್ದಾರಿ. ಮಧ್ಯಾಹ್ನ ಪೆಟ್ರೋಲ್ ಹಾಕಿಸುವಾಗ ಭಾವ ಕೇಳಿದರು, ‘ಮುಂದಿನ ವರ್ಷ ಬಂದ್ರೆ ನನಗೂ ಆ ಹತ್ತು ಡಾಲರ್ ಚೀಟಿ ಸಿಗ್ತದಾ?’

‘ಚೀಟಿ ಸಿಗುತ್ತೆ ಭಾವ. ಅದಕ್ಕೆ ಮೊದಲು ಬೇಟೆ ಲೈಸೆನ್ಸ್ ತಗೋಬೇಕು. ಹೊರಗಿನವರಿಗೆ ಅದು ದುಬಾರಿ. ಅಲ್ಲ, ನೀವು ಹಿಡಿಯಲ್ಲ ಅಂದಿದ್ರಲ್ಲ?’

‘ಹಿಡಿಯೋದು ಯಾರಿಗೆ ಬೇಕು! ಚೀಟಿ ಇದ್ರೆ ನಾನೂ ಗೋಡೆ ಹತ್ತಿರ ಧೈರ್ಯವಾಗಿ ನಿಂತ್ಕೋಬಹುದಲ್ಲ’ ಅಂದರು. ಆಮೇಲೆ ಲೈಸೆನ್ಸಿನ ಬೆಲೆಯನ್ನು ರಾಶಿ ಅಡಿಕೆಯ ಲೆಕ್ಕಕ್ಕೆ ತಿರುಗಿಸುತ್ತ ಕೂತರು. ಡೆಲ್ ರಿಯೊ ದಾಟುವ ಹೊತ್ತಿಗೆ, ಪರವಾಗಿಲ್ಲ, ಕೊಡಬಹುದು ಅನ್ನುವ ತೀರ್ಮಾನಕ್ಕೆ ಬಂದಿದ್ದರು.